ಸಂಬಳದ ಮಾತುಕತೆಗೆ ಕೂರುವ ಮುಂಚೆ

ಪೀಣ್ಯದ ಒಂದು ಕಾರ್ಖಾನೆಯಲ್ಲಿ ಲೇತ್ ಓಡಿಸುತ್ತಾ ಮೂರು ಸಲ ವೇತನ ಒಪ್ಪಂದಕ್ಕೆ ಕೂತವನು ನಾನು. ಮೊದಲು ನಿಮ್ಮ ಕಾರ್ಮಿಕ ಸಂಘದ ಹಿಂದೆ ಎಷ್ಟು ಜನ ಇದ್ದಾರೆ ಅಂತ ತಲೆ ಎಣಿಸಿ. 2020ರ ಕೈಗಾರಿಕಾ ಸಂಬಂಧಗಳ ಸಂಹಿತೆ ಪ್ರಕಾರ, ಹಲವು ಸಂಘಗಳಿರುವ ಕಡೆ ಮಸ್ಟರ್ ರೋಲ್‌ನಲ್ಲಿರುವ (ಹಾಜರಿ ಪಟ್ಟಿಯಲ್ಲಿರುವ) ಕಾರ್ಮಿಕರಲ್ಲಿ ಕನಿಷ್ಠ ಶೇ. 51 ಜನರ ಬೆಂಬಲ ಇದ್ದ ಸಂಘವೇ ಮಾತುಕತೆಗೆ ಹಕ್ಕುದಾರ. ಯಾರಿಗೂ ಅಷ್ಟಿಲ್ಲದಿದ್ದರೆ, ಕನಿಷ್ಠ ಶೇ. 20 ಬೆಂಬಲವಿರುವ ಸಂಘಗಳ ಪ್ರತಿನಿಧಿಗಳು ಸೇರಿ ಒಂದು ಮಂಡಳಿ.

ಆಮೇಲೆ ಬೇಡಿಕೆ ಪಟ್ಟಿ. ಸುಮ್ನೆ ‘ಸಂಬಳ ಜಾಸ್ತಿ ಮಾಡಿ’ ಅಂತ ಬರೆಯಬೇಡಿ. ಬೇಸಿಕ್ (ಮೂಲ ವೇತನ) ಎಷ್ಟು, ಡಿಎ (ತುಟ್ಟಿಭತ್ಯೆ) ಎಷ್ಟು, ಬೇರೆ ಬೇರೆ ಬರೆಯಿರಿ. ವರ್ಷಗಳ ಹಿಂದೆ ನಾವು ಹೆಚ್ಚಳವನ್ನೆಲ್ಲ ‘ವಿಶೇಷ ಭತ್ಯೆ’ಗೆ ಹಾಕಿಸಿಕೊಂಡು ಗೇಟಿನಲ್ಲಿ ಪೇಡೆ ಹಂಚಿದೆವು. ತಿಂಗಳ ಕೊನೆಗೆ ಸಂಬಳದ ಚೀಟಿ ನೋಡಿದರೆ, ಹೆಚ್ಚಳ ಬೇಸಿಕ್‌ಗೆ ಸೇರದ್ದರಿಂದ ಪಿಎಫ್ (ಭವಿಷ್ಯ ನಿಧಿ) ಕಾಲಂ ಅಲ್ಲಾಡಿರಲೇ ಇಲ್ಲ! ಪೇಡೆ ದುಡ್ಡು ಬೇರೆ ನನ್ನದೇ.

ಹೆಚ್ಚಳ ಯಾವ ತಾರೀಖಿನಿಂದ, ಬಾಕಿ ಯಾವಾಗ ಕೈಗೆ ಬರುತ್ತೆ, ಇವೆರಡನ್ನೂ ಬರೆಸಿಕೊಂಡೇ ಸಹಿ ಹಾಕಿ.