ಎರಡು ಪುಟದ ದೊಲೊರೆಸ್

ಗೆಳೆಯರೆಲ್ಲ ಸೇರಿ ತಿಂಗಳಿಗೊಂದು ಹಳೇ ಸಿನಿಮಾ ನೋಡುತ್ತೇವೆ. ಬಂದವರ ಕೈಗೆ ಕೊಡುವ ಎರಡು ಪುಟದ ಪರಿಚಯ ಬರೆಯುವುದು ನನ್ನ ಪಾಲಿನ ಕೆಲಸ. ಆ ಸಲದ ಚಿತ್ರ ‘ಮರಿಯಾ ಕಾಂದೆಲಾರಿಯಾ’. ನಾಯಕಿ ಮೆಕ್ಸಿಕೋದ ದೊಲೊರೆಸ್ ದೆಲ್ ರಿಯೊ.

ಮೊದಲ ತಲೆನೋವು ಹೆಸರಿನದೇ. ಇಂಗ್ಲಿಷ್ ನೋಡಿಕೊಂಡು ‘ಡೊಲೋರಸ್’ ಎಂದು ಬರೆದಿದ್ದೆ. ಸ್ಪ್ಯಾನಿಷ್‌ನವರು ಹೇಳುವುದನ್ನು ಕೇಳಿದ ಮೇಲೆ ‘ಡ’ ಹೊಡೆದು ‘ದ’ ಹಾಕಿದೆ. ನಮ್ಮಲ್ಲಿ ಎರಡೂ ಅಕ್ಷರ ಇರುವಾಗ ಇಂಗ್ಲಿಷಿನ ಹಂಗು ಯಾಕೆ, ಅಲ್ವಾ? ‘ದೆಲ್ ರಿಯೊ’ ತವರಿನ ಹೆಸರಲ್ಲ, ಮೊದಲ ಗಂಡನ ಮನೆಯದು. 1921ರಲ್ಲಿ ಆದ ಆ ಮದುವೆ ಏಳು ವರ್ಷಕ್ಕೆ ಮುರಿಯಿತು, ಹೆಸರು ಮಾತ್ರ ಉಳಿಯಿತು.

ಮೊದಲ ಕರಡು ಸಪ್ಪೆಯಾಗಿತ್ತು. 1904ರಲ್ಲಿ ದುರಾಂಗೊದಲ್ಲಿ ಹುಟ್ಟಿದರು, 1925ರಲ್ಲಿ ಹಾಲಿವುಡ್‌ಗೆ ಹೋದರು, ಮೂಕಿ ಚಿತ್ರಗಳಲ್ಲಿ ಮೆರೆದರು, ಅವಕಾಶ ಕಡಿಮೆಯಾದಾಗ ಊರಿಗೆ ಮರಳಿದರು. ಸೋತು ಬಂದವರ ಕಥೆಯ ಹಾಗೆ ಕಾಣುತ್ತಿತ್ತು.

ಕರಡು ಪಕ್ಕಕ್ಕಿಟ್ಟು ಸಿನಿಮಾವನ್ನು ಮತ್ತೆ ಹಾಕಿದೆ, ಈ ಸಲ ಸೌಂಡ್ ಇಲ್ಲದೆ. ಸೊಚಿಮಿಲ್ಕೊದ ಕಾಲುವೆಗಳು, ಎರಡು ಜಡೆ, ಹೆಗಲ ಮೇಲೊಂದು ಶಾಲು. ಕಥೆಯ ಮರಿಯಾಳೂ ಅವಳ ಪ್ರಿಯಕರ ಲೊರೆನ್ಸೊ ರಾಫಾಯೆಲನೂ ಒಂದು ಹಂದಿಮರಿಯನ್ನು ಸಾಕುತ್ತಿದ್ದಾರೆ. ಅದು ದೊಡ್ಡದಾದರೆ ಮದುವೆಯ ಖರ್ಚಿಗೆ ದಾರಿ. ಅಂಗಡಿಯವನು ಅದನ್ನು ಕೊಂದುಹಾಕುತ್ತಾನೆ. ಮಲೇರಿಯಾ ಬಂದಾಗ ಕ್ವಿನೈನ್ ಕೂಡ ಕೊಡುವುದಿಲ್ಲ. ಹಾಲಿವುಡ್ ರೇಷ್ಮೆ ಗೌನು ತೊಡಿಸಿ ನಿಲ್ಲಿಸಿದ್ದ ಮುಖ ಇದೇನಾ ಅನ್ನಿಸಿತು. ಆಗ ದೊಲೊರೆಸ್‌ಗೆ ನಲವತ್ತರ ಹತ್ತಿರ. ಹೂ ಮಾರುವ ಹುಡುಗಿಯ ಪಾತ್ರ! ಗಾಬ್ರಿಯೆಲ್ ಫಿಗೆರೋವಾ ಅವರ ಕ್ಯಾಮೆರಾ ಮುಂದೆ ಆ ವಯಸ್ಸು ಒಂದು ಸಲವೂ ನೆನಪಾಗಲಿಲ್ಲ.

ಆಮೇಲೆ ಬರಹವನ್ನೇ ತಿರುಗಿಸಿದೆ. 1943ರಿಂದ, ಈ ಚಿತ್ರದ ನಿರ್ದೇಶಕ ಎಮಿಲಿಯೊ ಫೆರ್ನಾಂದೆಸ್ ಅವರ ಜೊತೆ ಕೆಲಸ ಶುರುವಾದಲ್ಲಿಂದ ಹಿಡಿದೆ. ಹಾಲಿವುಡ್‌ನ ಹದಿನೇಳು ವರ್ಷ ಒಂದೇ ಪ್ಯಾರಾಕ್ಕೆ ಇಳಿಯಿತು. ಕೆಲವರಿಗೆ ಇದು ಅನ್ಯಾಯ ಅನ್ನಿಸಬಹುದು, ನನಗೆ ಸರಿ ಅನ್ನಿಸಿತು.

ಹುಡುಕುವಾಗ ಸಿಕ್ಕಿದ ಒಂದು ಸಂಗತಿ ಮಾತ್ರ ಸುಮ್ನೆ ಬಿಡಲಾಗಲಿಲ್ಲ. 1946ರ ಕಾನ್ ಚಿತ್ರೋತ್ಸವದಲ್ಲಿ ದೊಡ್ಡ ಬಹುಮಾನವನ್ನು 11 ಚಿತ್ರಗಳು ಹಂಚಿಕೊಂಡವು. ಒಂದು ಇದು, ಇನ್ನೊಂದು ಚೇತನ್ ಆನಂದ್ ಅವರ ‘ನೀಚಾ ನಗರ್’. ಅದನ್ನು ಮೊದಲ ಸಾಲಿಗೇ ತಂದೆ. ಎಲ್ವಿಸ್ ಪ್ರೆಸ್ಲಿಗೆ ತಾಯಿಯಾಗಿ ನಟಿಸಿದ್ದು ಜಾಗ ಸಾಲದೆ ಬಿಟ್ಟುಹೋಯಿತು.

ಸಿನಿಮಾ ಮುಗಿದ ಮೇಲೆ ಎಲ್ಲರೂ ಕೇಳಿದ್ದು ಆ ಹಂದಿಮರಿಯ ಬಗ್ಗೆಯೇ.