ನಾಟಿಂಗ್ ಹಿಲ್ ಕಾರ್ನಿವಲ್: ಯಾವ ಸಂಗೀತ ಎಲ್ಲಿಂದ ಬಂತು, ಎಲ್ಲಿ ಕೇಳಬೇಕು

ನಾಟಿಂಗ್ ಹಿಲ್ ಕಾರ್ನಿವಲ್ ಲಂಡನ್ನಿನ ನಾಟಿಂಗ್ ಹಿಲ್ ಬಡಾವಣೆಯಲ್ಲಿ ನಡೆಯುವ ಕೆರಿಬಿಯನ್ ಬೀದಿಹಬ್ಬ. ಲಂಡನ್ನಿಗೆ ಹೊಸದಾಗಿ ಬಂದವರಿಗೆ ಈ ಹಬ್ಬ ಅಂದರೆ ಗರಿಗಳ ವೇಷ, ನೂಕುನುಗ್ಗಲು, ಕಿವಿಗಡಚಿಕ್ಕುವ ಸದ್ದು. ಆ ಸದ್ದನ್ನು ಬಿಡಿಬಿಡಿಯಾಗಿ ಕೇಳಿದರೆ ಹಬ್ಬದ ರುಚಿಯೇ ಬೇರೆ. ಆಗಸ್ಟ್ ಕೊನೆಯ ಬ್ಯಾಂಕ್ ಹಾಲಿಡೇ (ಸಾರ್ವತ್ರಿಕ ರಜೆ) ಸೋಮವಾರ ಮತ್ತು ಅದರ ಹಿಂದಿನ ಭಾನುವಾರ ಮೆರವಣಿಗೆ. ಬೀದಿಗೆ ಟಿಕೆಟ್ ಇಲ್ಲ. ಮಕ್ಕಳಿದ್ದರೆ ಭಾನುವಾರವೇ ಹೋಗಿ.

ನನ್ನನ್ನು ಕೇಳಿದರೆ, ಶನಿವಾರದ ಪನೋರಮಾದಿಂದಲೇ ಶುರು ಮಾಡಿ. ಅದು ಸ್ಟೀಲ್ ಬ್ಯಾಂಡ್‌ಗಳ ಸ್ಪರ್ಧೆ. ಜಾಗ, ಟಿಕೆಟ್ ವಿವರ ಮೊದಲೇ ನೋಡಿಕೊಳ್ಳಿ. ಹತ್ತಿರ ಹೋಗಿ ಅವರ ವಾದ್ಯ ಪ್ಯಾನ್ ನೋಡಿ. ಎಣ್ಣೆ ಡ್ರಮ್ಮಿನ ತಳವನ್ನು ಸುತ್ತಿಗೆಯಲ್ಲಿ ಬಡಿದು ಬಾಣಲೆಯಂತೆ ತಗ್ಗು ಮಾಡಿರುತ್ತಾರೆ. ಅದರೊಳಗೆ ಒಂದೊಂದು ಸ್ವರಕ್ಕೂ ಒಂದೊಂದು ಮನೆ. ದೊಡ್ಡ ಮನೆಗೆ ತಗ್ಗಿನ ಸ್ವರ, ಚಿಕ್ಕದಕ್ಕೆ ಏರುಸ್ವರ. ನುಡಿಸುವುದು ತುದಿಗೆ ರಬ್ಬರ್ ಇರುವ ಕೋಲಿನಿಂದ.

ಪ್ಯಾನ್ ಹುಟ್ಟಿದ್ದು ಕೆರಿಬಿಯನ್ ದ್ವೀಪ ಟ್ರಿನಿಡಾಡ್‌ನಲ್ಲಿ. 1880ರ ದಶಕದಲ್ಲಿ ಬ್ರಿಟಿಷ್ ಆಡಳಿತ ಅಲ್ಲಿನ ಆಫ್ರಿಕನ್ ಮೂಲದವರ ಡೋಲುಗಳಿಗೆ ತಡೆ ಹಾಕಿತು. ಅವರು ಬಿದಿರು ಬಡಿದರು. ಆಮೇಲೆ ಬಿಸ್ಕತ್ ಡಬ್ಬ, ಕೊನೆಗೆ ಎಣ್ಣೆ ಡ್ರಮ್. ಎಷ್ಟು ತಡೆದರೂ ತಾಳ ನಿಲ್ಲಲಿಲ್ಲ.

ಲಂಡನ್ನಿನ ಕಥೆಯೂ ಸುಲಭದ್ದಲ್ಲ. 1958ರಲ್ಲಿ ನಾಟಿಂಗ್ ಹಿಲ್‌ನಲ್ಲಿ ಕೆರಿಬಿಯನ್ನರ ಮೇಲೆ ಬಿಳಿಯರ ಗುಂಪುಗಳು ದಾಳಿ ಮಾಡಿದವು. ಮರುವರ್ಷ ಜನವರಿಯಲ್ಲೇ ಟ್ರಿನಿಡಾಡ್ ಮೂಲದ ಪತ್ರಕರ್ತೆ ಕ್ಲಾಡಿಯಾ ಜೋನ್ಸ್ ಸೇಂಟ್ ಪ್ಯಾಂಕ್ರಸ್ ಟೌನ್ ಹಾಲ್‌ನಲ್ಲಿ ಕಾರ್ನಿವಲ್ ನಡೆಸಿದರು. 1966ರಲ್ಲಿ ನಾಟಿಂಗ್ ಹಿಲ್‌ನಲ್ಲೇ ನಡೆದ ಬೀದಿಹಬ್ಬದಲ್ಲಿ ರಸೆಲ್ ಹೆಂಡರ್ಸನ್ ತಂಡ ಪ್ಯಾನ್ ಕೊರಳಿಗೆ ಹಾಕಿಕೊಂಡು ರಸ್ತೆಗಿಳಿಯಿತು. ಜನ ಹಿಂದೆಯೇ ನಡೆದರು.

ಮೆರವಣಿಗೆಯ ಲಾರಿಗಳಿಂದ ಕೇಳುವ ವೇಗದ ಹಾಡು ಸೋಕಾ. ಇದನ್ನಂತೂ ನಾವು ತಿಳಿದಿರಲೇಬೇಕು. 1845ರಿಂದ ಟ್ರಿನಿಡಾಡ್‌ನ ಕಬ್ಬಿನ ತೋಟಗಳಿಗೆ ಭಾರತದಿಂದ ಕೂಲಿಗಳನ್ನು ಸಾಗಿಸಿದರು. ಅವರ ವಂಶದವರು ಜಾಸ್ತಿ ಇದ್ದ ಕಡೆ ಬೆಳೆದ ಲಾರ್ಡ್ ಶಾರ್ಟಿ, 1970ರ ದಶಕದಲ್ಲಿ ಟ್ರಿನಿಡಾಡ್‌ನ ಹಳೆಯ ಹಾಡಿನ ಶೈಲಿ ಕ್ಯಾಲಿಪ್ಸೋಗೆ ಧೋಲಕ್‌ನ ಲಯ ಬೆರೆಸಿದರು. ಸೋಕಾ ಹುಟ್ಟಿದ್ದು ಹಾಗೆ. ಕಿವಿಗೊಟ್ಟು ಕೇಳಿ, ಆ ಓಟ ಗುರುತು ಸಿಗುತ್ತದೆ.

ಬೀದಿ ಮೂಲೆಗಳಲ್ಲಿ ಗೋಡೆಯೆತ್ತರ ಸ್ಪೀಕರ್ ಜೋಡಿಸಿಟ್ಟವರು ಸೌಂಡ್ ಸಿಸ್ಟಮ್‌ನವರು. ಇದು ಜಮೈಕಾದ ಬಳುವಳಿ: ಅಲ್ಲಿನ ಸಂಗೀತ ರೆಗ್ಗೆ, ಅದರಿಂದಲೇ ಹುಟ್ಟಿದ ಡಬ್. 1973ರಿಂದ ಹಬ್ಬದ ಸಂಘಟಕ ಲೆಸ್ಲಿ ಪಾಮರ್ ಇವರನ್ನೂ ಹಬ್ಬಕ್ಕೆ ಸೇರಿಸಿದರು. ಬೇಸ್ ನೇರ ಎದೆಗೇ ಬಡಿಯುತ್ತದೆ, ಮಕ್ಕಳ ಕಿವಿಗೆ ಸದ್ದು ತಡೆಯುವ ಇಯರ್ ಡಿಫೆಂಡರ್ ಹಾಕಿ. ಸಂಜೆ 7ಕ್ಕೆ ಇವು ಬಂದ್. ಆಗ ಎಲ್ಲರೂ ಒಟ್ಟಿಗೆ ಹೊರಡುತ್ತಾರೆ, ಹತ್ತಿರದ ಕೆಲವು ಟ್ಯೂಬ್ ಸ್ಟೇಷನ್‌ಗಳೂ ಮುಚ್ಚಿರುತ್ತವೆ. ವಾಪಸ್ ದಾರಿಯನ್ನು ಬೆಳಿಗ್ಗೆಯೇ ನೋಡಿಟ್ಟುಕೊಳ್ಳಿ.