ಮೊಣಕಾಲ ಕೆಳಗಿನ ಅಭಿಧಮನಿ ಗಾಯ: ಫಾಲೋಅಪ್ ಚಾರ್ಟನ್ನು ನಾನು ಕೋಡ್ ಮಾಡುವ ಬಗೆ

ಅಮೆರಿಕದ ಚಾರ್ಟುಗಳನ್ನು ಬೆಂಗಳೂರಿನಲ್ಲೋ ಮೈಸೂರಿನಲ್ಲೋ ಕೂತು ಕೋಡ್ ಮಾಡುವ, ಅಂದರೆ ಬಿಲ್ಲಿಗಾಗಿ ರೋಗ, ಚಿಕಿತ್ಸೆಗಳನ್ನು ಕೋಡುಗಳಾಗಿ ಬರೆಯುವ ನಮಗೆ, ಅಲ್ಲಿನ ರೋಗ-ಗಾಯಗಳ ಕೋಡ್ ಪಟ್ಟಿಯಾದ ಐಸಿಡಿ-10-ಸಿಎಂನ ಎಸ್85 ಗುಂಪು (ಮೊಣಕಾಲ ಕೆಳಗಿನ ರಕ್ತನಾಳದ ಗಾಯಗಳು) ದಿನಾ ಎದುರಾಗುವಂಥದ್ದಲ್ಲ. ಹಾಗಾಗಿ ಈ ಗುಂಪಿನ ಫಾಲೋಅಪ್ ಚಾರ್ಟ್ ಬಂದರೆ ನಾನು ಮೊದಲು ಆವತ್ತಿನ ನೋಟ್ ಬಿಟ್ಟು ಹಳೆಯ ಆಪರೇಷನ್ ನೋಟ್ ತೆರೆಯುತ್ತೇನೆ. ಫಾಲೋಅಪ್ ನೋಟಿನಲ್ಲಿ ಸಾಮಾನ್ಯವಾಗಿ 'ಕಾಲಿನ ವೇನ್ ಗಾಯ, ಸ್ಟೇಟಸ್ ಪೋಸ್ಟ್ ರಿಪೇರ್' (ಅಭಿಧಮನಿಗೆ ಗಾಯ, ರಿಪೇರಿ ಆಗಿದೆ) ಅಂತಷ್ಟೇ ಇರುತ್ತದೆ. ಯಾವ ವೇನ್, ಯಾವ ಕಾಲು, ಸೀಳಿದ ಗಾಯವೋ ಜಜ್ಜಿದ್ದೋ ಎಂಬುದೆಲ್ಲ ಸಿಗುವುದು ಆಪರೇಷನ್ ನೋಟಿನಲ್ಲೇ. ಅದೂ ಕೈಗೆ ಸಿಗದಿದ್ದರೆ ವೈದ್ಯರಿಗೆ ಕ್ವೆರಿ ಕಳಿಸುತ್ತೇನೆ, ಊಹೆ ಮಾಡುವುದಿಲ್ಲ.

ವೇನ್ ಗೊತ್ತಾದ ಮೇಲೆ ಕೆಲಸ ಸಲೀಸು. ಚರ್ಮದಡಿಯ ಉದ್ದನೆಯ ವೇನ್ ಗ್ರೇಟರ್ ಸೆಫೀನಸ್ ಎಸ್85.3, ಮೀನಖಂಡದ ಹಿಂಬದಿಯ ಲೆಸ್ಸರ್ ಸೆಫೀನಸ್ ಎಸ್85.4, ಮೊಣಕಾಲ ಹಿಂದಿನ ಪಾಪ್ಲಿಟಿಯಲ್ ವೇನ್ ಎಸ್85.5. ಐದನೇ ಅಕ್ಷರ 0 ಆದರೆ ಗಾಯದ ಬಗೆ ಹೇಳಿಲ್ಲ ಅಂತ, 1 ಆದರೆ ಸೀಳು, 9 ಆದರೆ ಬೇರೆ ಬಗೆ. ಆರನೆಯದು ಬಲಗಾಲಿಗೆ 1, ಎಡಗಾಲಿಗೆ 2, ಯಾವ ಕಾಲೆಂದು ಇಲ್ಲದಿದ್ದರೆ 9. ಬಲಗಾಲಿನ ಗ್ರೇಟರ್ ಸೆಫೀನಸ್ ಸೀಳಿದ್ದು, ಈಗ ಮಾಯುತ್ತಿದೆ ಅಂದರೆ ಎಸ್85.311ಡಿ. ಆರೂ ಸ್ಥಾನ ತುಂಬಿರುವುದರಿಂದ ಇಲ್ಲಿ ಖಾಲಿ ಸ್ಥಾನ ತುಂಬುವ ಎಕ್ಸ್ ತುರುಕುವ ಅಗತ್ಯವೇ ಇಲ್ಲ. ಆರನೇ ಸ್ಥಾನದಲ್ಲಿ 9 ಹಾಕಿದ ಕ್ಲೇಮ್ (ವಿಮೆಗೆ ಕಳಿಸುವ ಬಿಲ್ಲು) ಸುಲಭವಾಗಿ ಡಿನಯಲ್ (ತಿರಸ್ಕಾರ) ಆಗಿ ವಾಪಸ್ ಬರುತ್ತದೆ. ಆಪರೇಷನ್ ಆದ ಕಾಲು ಯಾವುದು ಅಂತ ಯಾವುದಾದರೂ ಒಂದು ಪುಟದಲ್ಲಿ ಇದ್ದೇ ಇರುತ್ತದೆ, ಹುಡುಕಬೇಕು.

ಎಡವುವ ಜಾಗ ಎರಡಿವೆ. ಟಿಬಿಯಲ್ ವೇನ್ ಅಂತ ಕಂಡ ಕೂಡಲೇ ಕೈ ಎಸ್85.1ರ ಕಡೆ ಹೋಗುತ್ತದೆ, ಆದರೆ ಅದು ಟಿಬಿಯಲ್ ಆರ್ಟರಿಯದು, ಅಂದರೆ ಅಪಧಮನಿಯದು. ಟಿಬಿಯಲ್ ವೇನಿಗೆ ಇಲ್ಲಿ ಪ್ರತ್ಯೇಕ ಮನೆಯಿಲ್ಲ. ಅದು ಇತರ ರಕ್ತನಾಳಗಳ ಎಸ್85.8ಕ್ಕೆ ಹೋಗುತ್ತದೆ. ಇನ್ನೊಂದು, ಗ್ರೇಟರ್ ಸೆಫೀನಸ್ ಪಾದದಿಂದ ತೊಡೆಸಂದಿನವರೆಗೂ ಹರಿಯುವ ನಾಳ. ಗಾಯ ತೊಡೆಯಲ್ಲಿದ್ದರೆ ಎಸ್75.2, ಅಲ್ಲಿ ಸೀಳು ಸಣ್ಣದೋ ದೊಡ್ಡದೋ ಎಂದೂ ಬೇರ್ಪಡಿಸಬೇಕು. ಮೊಣಕಾಲ ಕೆಳಗೆ ಆ ಭೇದವಿಲ್ಲ. ಹಿಮ್ಮಡಿಗಂಟು, ಪಾದದ ಗಾಯವಾದರೆ ಎಸ್95.

ಇನ್ನು ಏಳನೇ ಅಕ್ಷರ. ಹೆಚ್ಚಿನ ಆಡಿಟ್ ತಪ್ಪುಗಳು ಹುಟ್ಟುವುದು ಇಲ್ಲೇ. ಎ ಎಂದರೆ ಮೊದಲ ಭೇಟಿ, ಡಿ ಎಂದರೆ ಎರಡನೆಯದು ಎಂದು ಬಾಯಿಪಾಠ ಮಾಡಿದವರು ಖಂಡಿತ ತಪ್ಪುತ್ತಾರೆ. ಎ ಅಂದರೆ ಆ ಗಾಯಕ್ಕೆ ಸಕ್ರಿಯ ಚಿಕಿತ್ಸೆ ನಡೆಯುತ್ತಿದೆ. ಡಿ ಅಂದರೆ ಆ ಚಿಕಿತ್ಸೆ ಮುಗಿದು ಗಾಯ ಮಾಯುವ ಹಂತದ ಆರೈಕೆ. ಮೊದಲ ದಿನ ರಕ್ತ ನಿಲ್ಲಿಸಿ, ಮೂರನೇ ದಿನ ವೇನ್ ರಿಪೇರಿ ಮಾಡಿದರೆ ಎರಡೂ ಎ. ಆಪರೇಷನ್ ಬೇರೆ ಊರಲ್ಲಾಗಿ, ಹೊಲಿಗೆ ಬಿಚ್ಚಿಸಲು ಹೊಸ ವೈದ್ಯರ ಬಳಿ ಬಂದರೆ ಆ ವೈದ್ಯರಿಗೆ ಅದು ಮೊದಲ ಭೇಟಿಯಾದರೂ ಕೋಡಿಗೆ ಡಿ. ನೋಟ್ ಓದುವಾಗ ನಾನು ಕೇಳಿಕೊಳ್ಳುವುದು ಇಷ್ಟೇ: ಇವತ್ತು ಈ ವೇನಿಗೆ ಏನು ಮಾಡಿದರು?

ಡ್ರೆಸಿಂಗ್ ಬದಲಾಯಿಸಲು, ಹೊಲಿಗೆ ತೆಗೆಯಲು ಬಂದಾಗ ಝಡ್48 (ಆಪರೇಷನ್ ನಂತರದ ಆರೈಕೆಯ ಕೋಡ್) ಹಾಕುವ ಚಾಳಿ ಬಿಡಬೇಕು. ಗಾಯದ ಆರೈಕೆಗೆ ಗಾಯದ್ದೇ ಕೋಡ್, ಕೊನೆಗೆ ಡಿ. ಝಡ್48ರ ಕೆಳಗಿನ ಟಿಪ್ಪಣಿಯೇ ಹಾಗೆ ಹೇಳುತ್ತದೆ. 'ಹಿಸ್ಟರಿ ಆಫ್ ಲ್ಯಾಸರೇಶನ್' (ಹಿಂದೆ ಸೀಳುಗಾಯವಾಗಿತ್ತು) ಎಂದು ವೈದ್ಯರು ಬರೆದ ಮಾತ್ರಕ್ಕೆ ಮಾಯ್ದ ಹಳೆಯ ಗಾಯದ ಕೋಡ್ ಝಡ್87.828 ಕೂಡ ಬೇಡ. ಗಾಯ ಪೂರ್ತಿ ಮಾಯ್ದು, ಚಿಕಿತ್ಸೆ ಮುಗಿದು, ಬರೀ ತಪಾಸಣೆಗೆ ಬಂದಾಗಷ್ಟೇ ಝಡ್09ರ ಜೊತೆ ಅದು.

ಚರ್ಮದ ತೆರೆದ ಗಾಯವಿದ್ದರೆ ಎಸ್81 ಕೂಡ ಸೇರಿಸಬೇಕು. ಮೂಳೆ ಮುರಿದಿದ್ದರೆ ಜಾಗ್ರತೆ: ಎಸ್82ಕ್ಕೆ ತನ್ನದೇ ಏಳನೇ ಅಕ್ಷರಗಳ ಸಾಲಿದೆ. ಟೈಪ್ 1 ಅಥವಾ 2ರ ತೆರೆದ ಮುರಿತ ಸರಿಯಾಗಿ ಕೂಡಿಕೊಳ್ಳುತ್ತಿದ್ದರೆ ಅಲ್ಲಿ ಇ, ಅದೇ ಚಾರ್ಟಿನ ವೇನ್ ಗಾಯಕ್ಕೆ ಡಿ. ಎಸ್85ಕ್ಕೆ ಎ, ಡಿ, ಎಸ್ (ಹಳೆಯ ಗಾಯ ಬಿಟ್ಟುಹೋದ ಪರಿಣಾಮ) ಬಿಟ್ಟರೆ ಬೇರೆ ಅಕ್ಷರ ಇಲ್ಲವೇ ಇಲ್ಲ. ಮುಖ್ಯ ಗಾಯ ಮೂಳೆಯದಾಗಿ ವೇನಿಗೆ ಆದ ಪೆಟ್ಟು ಸಣ್ಣದಾದರೆ ಮೂಳೆ ಮೊದಲು. ಮುಖ್ಯ ಗಾಯವೇ ರಕ್ತನಾಳದ್ದಾದರೆ ಎಸ್85 ಮೊದಲು.

ಭೇಟಿಯ ಬಿಲ್ಲಿಂಗಿಗೆ ಬಂದರೆ, ಆಪರೇಷನ್ ತಾರೀಖನ್ನು ಎದುರಿಗಿಟ್ಟುಕೊಳ್ಳುತ್ತೇನೆ. ಇಲ್ಲಿ ಬರುವ ಐದಂಕಿಯ ಸಂಖ್ಯೆಗಳು ಚಿಕಿತ್ಸೆ, ಭೇಟಿಗಳ ಕೋಡುಗಳು. ಕಾಲಿನ ರಕ್ತನಾಳದ ನೇರ ರಿಪೇರಿ 35226ಕ್ಕೆ ಗ್ಲೋಬಲ್ ಅವಧಿ (ಆಪರೇಷನ್ ಶುಲ್ಕದಲ್ಲೇ ಫಾಲೋಅಪ್ ಸೇರಿರುವ ಅವಧಿ) 90 ದಿನ. ಆ ಸರ್ಜನ್ ಅಥವಾ ಅದೇ ಗುಂಪಿನ ಅದೇ ಸ್ಪೆಷಾಲಿಟಿಯವರು ಆ ಅವಧಿಯೊಳಗೆ ಮಾಡಿದ ಮಾಮೂಲಿ ಫಾಲೋಅಪ್ಪಿಗೆ 99024, ಅದಕ್ಕೆ ಹಣವಿಲ್ಲ. ಅಲ್ಲಿ ಹಣ ಕೇಳುವ ಭೇಟಿ ಕೋಡ್ 99213 ಹಾಕಿದರೆ ಡಿನಯಲ್. ಸಂಬಂಧವೇ ಇಲ್ಲದ ಕಾಯಿಲೆಗೆ ನೋಡಿದ್ದರೆ ಮಾಡಿಫೈಯರ್ (ಕೋಡಿಗೆ ಅಂಟಿಸುವ ಎರಡಂಕಿಯ ಗುರುತು) 24. ಒಂದು ಕಾಲಿನ ವೇನುಗಳ ಡ್ಯುಪ್ಲೆಕ್ಸ್ (ಅಲ್ಟ್ರಾಸೌಂಡ್) ಸ್ಕ್ಯಾನ್ 93971 ಗ್ಲೋಬಲ್ ಪ್ಯಾಕೇಜಿನ ಹೊರಗಿದೆ, ಅದನ್ನು ಬಿಡಬಾರದು. ಆಪರೇಷನ್ ಇಲ್ಲದೆ ಬಿಗಿ ಕಟ್ಟು ಹಾಕಿ ಕಳಿಸಿದ ರೋಗಿಯಾದರೆ ಗ್ಲೋಬಲ್ ಪ್ರಶ್ನೆಯೇ ಬರುವುದಿಲ್ಲ, ವೈದ್ಯರ ನಿರ್ಧಾರದ ಮಟ್ಟವನ್ನೋ ಭೇಟಿಗೆ ಹಿಡಿದ ಸಮಯವನ್ನೋ ನೋಡಿ 99212ರಿಂದ ಮೇಲೆ.

ಫಾಲೋಅಪ್ಪಿನಲ್ಲಿ ರಕ್ತ ಹೆಪ್ಪುಗಟ್ಟಿದ್ದು ಕಂಡರೆ ಎಸ್85...ಡಿ ಜೊತೆಗೆ ಅದರದೇ ಕೋಡ್ ಬೇಕು: ಬಲಗಾಲಿನ ಪಾಪ್ಲಿಟಿಯಲ್‌ನಲ್ಲಾದರೆ ಐ82.431, ಬಲಗಾಲಿನ ಟಿಬಿಯಲ್‌ನಲ್ಲಾದರೆ ಐ82.441, ಬಲಗಾಲಿನ ಮೇಲ್ಪದರದ ವೇನಿನಲ್ಲಾದರೆ ಐ82.811. ಆಪರೇಷನ್ನಿನಿಂದಲೇ ಆಯಿತು ಎಂದು ವೈದ್ಯರು ಬರೆಯದೆ ಟಿ81.72 ಹಾಕಕೂಡದು. ಹೊಲಿಗೆ ಜಾಗದ ಮೇಲ್ಪದರದಲ್ಲಿ ಸೋಂಕಾದರೆ ಟಿ81.41ಎಕ್ಸ್‌ಎ, ವೇನಿಗೆ ಡಿ ಇದ್ದರೂ ಸೋಂಕಿಗೆ ಎ, ಏಕೆಂದರೆ ಸಕ್ರಿಯ ಚಿಕಿತ್ಸೆ ನಡೆಯುತ್ತಿರುವುದು ಸೋಂಕಿಗೆ. ಮೆಡಿಕೇರ್ (ಅಮೆರಿಕದ ಸರ್ಕಾರಿ ಆರೋಗ್ಯ ವಿಮೆ) ರೋಗಿಗೆ ಆಪರೇಷನ್ ಕೋಣೆಗೆ ಹೋಗದೆ ಸರ್ಜನ್ ಇಂಥ ತೊಂದರೆ ನೋಡಿಕೊಂಡರೆ ಅದೂ 90 ದಿನದೊಳಗೇ ಸೇರಿತು. ಕೋಣೆಗೆ ಮತ್ತೆ ಒಯ್ದರೆ ಮಾಡಿಫೈಯರ್ 78.

ಗಾಯ ಹೇಗಾಯಿತೆಂಬ ಕೋಡನ್ನೂ ಅದೇ ಏಳನೇ ಅಕ್ಷರದೊಂದಿಗೆ ಮುಂದುವರಿಸುತ್ತೇನೆ. ಗಾಜು ಕೊಯ್ದಿದ್ದರೆ ಡಬ್ಲ್ಯು25.ಎಕ್ಸ್‌ಎಕ್ಸ್‌ಎಕ್ಸ್‌ಡಿ. ಗಾಯ ಎಲ್ಲಿ ಆಯಿತು ಎನ್ನುವ ವೈ92 ಮಾತ್ರ ಮೊದಲ ಭೇಟಿಯಲ್ಲಿ ಒಮ್ಮೆ, ಮತ್ತೆ ಬೇಡ.

ವರ್ಷದ ನಂತರ ಕಾಲು ಊದಿಕೊಂಡು ಬಂದ ರೋಗಿಗೆ ಹಳೆಯ ಬಲ ಪಾಪ್ಲಿಟಿಯಲ್ ಸೀಳಿನಿಂದಲೇ ವೇನ್ ಕೊರತೆ (ವೇನ್ ರಕ್ತವನ್ನು ಸರಿಯಾಗಿ ಮೇಲಕ್ಕೆ ಸಾಗಿಸದಿರುವುದು) ಆಗಿದೆ ಎಂದು ವೈದ್ಯರು ಬರೆದಿದ್ದರೆ ಐ87.2 ಮೊದಲು, ಎಸ್85.511ಎಸ್ ಆಮೇಲೆ. ಈ ಕ್ರಮ ಅದಲುಬದಲಾಗಬಾರದು, ಅದೇ ಗಾಯಕ್ಕೆ ಪಕ್ಕದಲ್ಲಿ ಇನ್ನೊಂದು ಡಿ ಕೂಡ ಕೂರಬಾರದು.